ಹಂಡೆಯಲ್ಲಿ ಬಿಡಾರ ಹೂಡಿರುವ ಈಸ್ಟ್ ಅವರಿಗೆ

ತೋಟದ ಮನೆ, ಮಾಯಸಂದ್ರ ಹೋಬಳಿ
ಜೂನ್ 2003

ಮಾನ್ಯರೇ,

ಕುಶಲ ವಿಚಾರಿಸಿ ಪತ್ರ ಶುರು ಮಾಡುವುದು ವಾಡಿಕೆ. ಆದರೆ ಬಚ್ಚಲುಮನೆಯಿಂದ ಅಡುಗೆಮನೆಗೆ ವರ್ಗವಾಗಿ ಬಂದಿರುವ ನಮ್ಮ ಹಂಡೆಯಲ್ಲಿ ತಾವು ಕಂಠದವರೆಗೆ ಉಬ್ಬಿ, ಮುಚ್ಚಿದ ತಟ್ಟೆಯನ್ನು ಗಂಟೆಗೊಮ್ಮೆ ತಲೆಯಿಂದ ಎತ್ತಿ ಹೊರಗೆ ಇಣುಕುತ್ತಿರುವುದನ್ನು ಕಣ್ಣಾರೆ ಕಾಣುತ್ತಿರುವುದರಿಂದ, ತಮ್ಮ ಆರೋಗ್ಯದ ಬಗ್ಗೆ ನನಗೆ ಯಾವ ಸಂಶಯವೂ ಇಲ್ಲ. ನನ್ನ ದೂರು ಇರುವುದೇ ಆ ಆರೋಗ್ಯದ ಮೇಲೆ.

ನಾನು ವನಜಾಕ್ಷಿ, ಈ ಮನೆಯ ಸೊಸೆ. ಬಂದು ಹದಿನೇಳು ವರ್ಷವಾಯಿತು. ನಮ್ಮತ್ತೆ ಸಿದ್ದಮ್ಮನವರು ಇಷ್ಟು ವರ್ಷಗಳಲ್ಲಿ ನಾನು ಮಾಡಿದ್ದನ್ನು ಒಂದು ದಿನವೂ ಚೆನ್ನಾಗಿದೆ ಎಂದವರಲ್ಲ. ಚೆನ್ನಾಗಿಲ್ಲ ಎಂದೂ ಅಂದವರಲ್ಲ, ಅದು ಇನ್ನೂ ಕಷ್ಟ. ಉಣ್ಣುತ್ತಾರೆ, ಕೈ ತೊಳೆಯುತ್ತಾರೆ, ಎದ್ದು ಹೋಗುತ್ತಾರೆ. ಅವರ ಬಾಯಿಂದ ಒಂದೇ ಒಂದು ಒಳ್ಳೆಯ ಮಾತು ಕೇಳಿಸಿಕೊಳ್ಳಬೇಕೆಂಬುದು ನನ್ನ ಆಸೆ. ನಾಚಿಕೆ ಬಿಟ್ಟು ಹೇಳುತ್ತಿದ್ದೇನೆ, ತಾವು ಯಾರಿಗೂ ಹೇಳಬಾರದು.

ಅತ್ತೆಯವರಿಗೆ ಲೋಕದಲ್ಲಿರುವ ಒಂದೇ ಚಪಲ ದಿಲ್‌ಪಸಂದ್. ತಿಪಟೂರಿನಲ್ಲಿ ಬಸ್ಸಿಗೆ ಕಾಯುವಾಗಲೆಲ್ಲ ಅವರು ಬೇಕರಿಯ ಎದುರಿಗೇ ನಿಂತು, ಎರಡು ಬಸ್ಸು ಹೋದರೂ ಹತ್ತದೆ ಆ ಘಮವನ್ನು ಎಳೆದುಕೊಳ್ಳುತ್ತಾರೆ. ತಿನ್ನುವುದಿಲ್ಲ. ಬೇಕರಿ ತಿಂಡಿಗೆ ಮೊಟ್ಟೆ ಹಾಕಿರುತ್ತಾರೆ, ಮೊಟ್ಟೆಯಲ್ಲಿ ಜೀವವಿರುತ್ತದೆ, ಜೀವವಿರುವುದು ಬಾಯಿಗೆ ಹೋಗಕೂಡದು ಎಂಬುದು ಅವರ ನೇಮ. ಹಾಗಾಗಿ ನಾನು ತಿಪಟೂರಿನಲ್ಲಿ ಹೆಂಗಸರಿಗಾಗಿ ನಡೆದ ಹತ್ತು ದಿನದ ಬೇಕರಿ ತರಬೇತಿಗೆ ಸೇರಿ, ದೊಡ್ಡ ಪಾತ್ರೆಯ ತಳಕ್ಕೆ ಮರಳು ಹಾಕಿ ಗ್ಯಾಸಿನ ಮೇಲೆ ಬೇಯಿಸುವ ವಿದ್ಯೆ ಕಲಿತು, ಮೊಟ್ಟೆಯಿಲ್ಲದ ದಿಲ್‌ಪಸಂದನ್ನು ಹಲಸಿನ ತೊಳೆ, ಒಣದ್ರಾಕ್ಷಿ, ಕಾಯಿತುರಿ ಬೆಲ್ಲದ ಹೂರಣ ತುಂಬಿ ಮನೆಯಲ್ಲೇ ಮಾಡುತ್ತೇನೆಂದು ಸಾರಿದೆ. ಕೊನೆಯ ದಿನ ತರಬೇತಿಯ ಮೇಡಂ ಎಲ್ಲರಿಗೂ ಒಂದೊಂದು ಡಬ್ಬಿ ಕೊಟ್ಟರು. ತಾವು ಅದರೊಳಗೆ ಸಾಸಿವೆ ಕಾಳಿನಷ್ಟು ಸಣ್ಣಗೆ, ಬಹಳ ಸಭ್ಯರಾಗಿ ಕುಳಿತಿದ್ದಿರಿ.

ಮೊದಲ ಅನಾಹುತ ನನ್ನ ಮಗಳು ಸ್ಪಂದನಳಿಂದ ಆಯಿತು. ಎಂಟನೇ ತರಗತಿಯ ಹುಡುಗಿ, ವಿಜ್ಞಾನದ ಪುಸ್ತಕ ತಂದು ಅಜ್ಜಿಯ ಮುಂದೆ ಕೂತು, ಈಸ್ಟ್ ಒಂದು ಸೂಕ್ಷ್ಮಜೀವಿ ಎಂದು ಗಟ್ಟಿಯಾಗಿ ಓದಿದಳು. ಮೊಸರಿನ ವಿಷಯಕ್ಕೂ ಬರುವವಳಿದ್ದಳು, ನಾನು ಬಾಯಿ ಮುಚ್ಚಿಸಿ ಈ ಮನೆಯ ಮಜ್ಜಿಗೆಯನ್ನು ಉಳಿಸಿದೆ. ಅತ್ತೆಯವರು ಡಬ್ಬಿಯನ್ನು ಕೈಗೆ ತೆಗೆದುಕೊಂಡರು.

ಇಲ್ಲಿ ತಮಗೊಂದು ಮಾತು ವಿವರಿಸಬೇಕು. ನಮ್ಮ ಸೀಮೆಯಲ್ಲಿ ತೆಂಗಿನಕಾಯಿಯನ್ನು ಒಡೆಯದೆ ಅಟ್ಟದ ಮೇಲೆ ಹಾಕಿ, ಹತ್ತು ಹನ್ನೊಂದು ತಿಂಗಳು ಮುಟ್ಟದೆ ಬಿಡುತ್ತೇವೆ. ಒಳಗಿನ ನೀರು ಇಂಗಿ ಕೊಬ್ಬರಿಯಾಯಿತೋ ಇಲ್ಲವೋ ಎಂಬುದನ್ನು ಅತ್ತೆಯವರು ಕಾಯಿಯನ್ನು ಕಿವಿಯ ಹತ್ತಿರ ಅಲ್ಲಾಡಿಸಿ ಹೇಳುತ್ತಾರೆ. ಒಳಗೆ ನೀರು ಕುಲುಕಿದರೆ ಜೀವವಿದೆ, ಮೊಳಕೆ ಒಡೆದರೂ ಒಡೆದೀತು. ಗಡಗಡ ಎಂದರೆ ಜೀವ ಹೋಗಿದೆ, ಸುಲಿಯಬಹುದು. ಮೂರು ಊರಿನವರು ಅವರ ಕಿವಿಯನ್ನು ನಂಬುತ್ತಾರೆ. ಆ ಕಿವಿಯ ಬಳಿಗೆ ಅವರು ತಾವಿದ್ದ ಡಬ್ಬಿಯನ್ನು ಹಿಡಿದು ಅಲ್ಲಾಡಿಸಿದರು. ತಾವು ಗಲಗಲ ಎಂದಿರಿ.

"ಇದ್ರಲ್ಲಿ ಜೀವ ಇಲ್ಲ ಕಣೇ, ಒಣಗಿ ವರ್ಷ ಆಗೈತೆ," ಎಂದು ಅತ್ತೆಯವರು ತೀರ್ಪು ಕೊಟ್ಟರು. ನಾನು ತರಬೇತಿಯ ಪುಸ್ತಕ ನೋಡಿ ಒಂದೂವರೆ ಚಮಚ ಅಳೆಯುತ್ತಿದ್ದರೆ, "ಜೀವ ಇಲ್ದಿದ್ದಕ್ಕೆ ಅಳತೆ ಯಾಕೆ, ಎಲ್ಲಾ ಹಾಕು," ಎಂದರು. ಹದಿನೇಳು ವರ್ಷದಲ್ಲಿ ಅವರು ನನ್ನ ಅಡುಗೆಯಲ್ಲಿ ಆಸಕ್ತಿ ತೋರಿಸಿದ್ದು ಅದೇ ಮೊದಲು. ಇಡೀ ಡಬ್ಬಿಯನ್ನು ಮೈದಾಕ್ಕೆ ಸುರಿದು ಹಿಟ್ಟು ನಾದಿದೆ.

ಬೆಚ್ಚಗಿನ ಜಾಗದಲ್ಲಿಡಿ ಎಂದು ಮೇಡಂ ಹೇಳಿದ್ದರು. ನಮ್ಮ ಮನೆಯಲ್ಲಿ ಒಲೆಯ ಮೇಲಿನ ಅಟ್ಟಕ್ಕಿಂತ ಬೆಚ್ಚಗಿನ ಜಾಗವಿಲ್ಲ. ತಮ್ಮನ್ನು ಕೊಬ್ಬರಿಯ ಪಕ್ಕದಲ್ಲಿ ಮಲಗಿಸಿ ನಾನು ಹಲಸಿನಹಣ್ಣು ಬಿಡಿಸಲು ಹಿತ್ತಲಿಗೆ ಹೋದೆ. ಕೈಗೆ ಎಣ್ಣೆ ಹಚ್ಚಿಕೊಂಡು ತೊಳೆ ಬಿಡಿಸಿ, ಅಂಟು ಒರೆಸಿ ಒಳಗೆ ಬರುವಷ್ಟರಲ್ಲಿ ತಾವು ಪಾತ್ರೆ ದಾಟಿ, ಅಟ್ಟದ ಬಿದಿರಿನ ಸಂದಿಯಲ್ಲಿ ತೂರಿ, ನೇರವಾಗಿ ಕೆಳಗಿಳಿದು, ಅವರೆಕಾಳು ಆರಿಸುತ್ತ ಕುಳಿತಿದ್ದ ಅತ್ತೆಯವರ ಮಡಿಲಿಗೆ ಬಂದು ಬಿದ್ದಿದ್ದಿರಿ. ಬೆಚ್ಚಗೆ, ಮೆತ್ತಗೆ, ಉಸಿರಾಡುತ್ತ.

ಮಾನ್ಯರೇ, ತಮಗೆ ಬೀಳಲು ಬೇರೆ ಜಾಗವಿರಲಿಲ್ಲವೇ? ನನ್ನ ತಲೆಯ ಮೇಲೆ ಬಿದ್ದಿದ್ದರೆ ತೊಳೆದುಕೊಳ್ಳುತ್ತಿದ್ದೆ. ಹೂರಣಕ್ಕೆ ಎಲ್ಲ ಸಿದ್ಧವಿತ್ತು, ಮರಳು ಕಾದಿತ್ತು. ನಾನು ತಮ್ಮನ್ನು ಎತ್ತಿಕೊಳ್ಳಲು ಕೈ ಚಾಚಿದರೆ ಅತ್ತೆಯವರು ಸೆರಗು ಮುಚ್ಚಿ, "ಎದ್ದು ಬಂದಿರೋದನ್ನ ಹೆಂಗೆ ಬೇಯಿಸ್ತೀಯೇ, ಹೊಟ್ಟೆಗೇನಾದ್ರೂ ಹಾಕು," ಎಂದರು.

ಅಂದಿನಿಂದ ತಾವು ಈ ಮನೆಯ ಸದಸ್ಯರು. ಬೆಳಿಗ್ಗೆ ಒಂದು ಬೊಗಸೆ ಮೈದಾ, ಒಂದು ಉಂಡೆ ಬೆಲ್ಲ, ಸಂಜೆ ಬೆಚ್ಚಗಿನ ಹಾಲು. ಬೋಗುಣಿ ಸಾಲದೆ ಕೊಳಗ, ಕೊಳಗ ಸಾಲದೆ ಹಂಡೆ. ನಮ್ಮ ಯಜಮಾನರಾದ ಕಲ್ಲೇಶ್ ಅವರು ಹದಿನಾಲ್ಕು ದಿನದಿಂದ ಪಂಪಿನ ಕೆಳಗೆ ತಣ್ಣೀರು ಸ್ನಾನ ಮಾಡುತ್ತ ಒಂದೇ ಸಮನೆ ಸೀನುತ್ತಿದ್ದಾರೆ. ಸ್ಪಂದನ ಸ್ಕೇಲು ಹಿಡಿದು ತಮ್ಮ ಎತ್ತರ ಬರೆದಿಡುತ್ತಾಳೆ, ತನ್ನ ಲೆಕ್ಕದ ಹೋಂವರ್ಕ್ ಬರೆಯುವುದಿಲ್ಲ. ಪಕ್ಕದ ತೋಟದ ಅಂಕಮ್ಮ ನಿನ್ನೆ ಬಂದು ಹಂಡೆಗೆ ದೃಷ್ಟಿ ತೆಗೆದು, ಇಷ್ಟು ಬೇಗ ಮೈ ಕೈ ತುಂಬಿಕೊಂಡ ಕೂಸನ್ನು ತಾನು ಕಂಡಿಲ್ಲವೆಂದು ಹೋದಳು. ನನ್ನ ಮಗಳು ಹುಟ್ಟಿದಾಗ ಆಕೆ, ಬಣ್ಣ ಸ್ವಲ್ಪ ಕಮ್ಮಿ ಎಂದಿದ್ದಳು.

ತಮ್ಮ ಯೋಗ್ಯತೆಯನ್ನು ನಾನು ಅಲ್ಲಗಳೆಯುವುದಿಲ್ಲ. ಒಂದು ದಿನವೂ ಕಸ ಗುಡಿಸದೆ, ಕೊಟ್ಟಿಗೆ ಬಳಿಯದೆ, ರಾಗಿ ಬೀಸಿಸಿಕೊಂಡು ಬಾರದೆ, ಬರಿಯ ಉಬ್ಬುವುದರಿಂದಲೇ ಒಂದು ಮನೆಯ ಹಿರಿಯರ ಪ್ರೀತಿ ಗಳಿಸಬಹುದು ಎಂದು ತಾವು ತೋರಿಸಿಕೊಟ್ಟಿರಿ. ಇದು ನನಗೆ ಮೊದಲೇ ತಿಳಿದಿದ್ದರೆ ನಾನೂ ಅಟ್ಟದಿಂದ ಬೀಳುತ್ತಿದ್ದೆ.

ಆದ್ದರಿಂದ ತಮ್ಮಲ್ಲಿ ಕೈಮುಗಿದು ಕೇಳಿಕೊಳ್ಳುವುದೇನೆಂದರೆ, ಬರುವ ಸೋಮವಾರ ಮಧ್ಯಾಹ್ನ ದಿಲ್‌ಪಸಂದ್ ಬೇಯುವಷ್ಟು ಹೊತ್ತು, ಕೇವಲ ನಲವತ್ತು ನಿಮಿಷ, ದಯವಿಟ್ಟು ಸಾಯಬೇಕು. ಅದು ಅನನುಕೂಲವಾದಲ್ಲಿ, ಡಬ್ಬಿಯಲ್ಲಿದ್ದಾಗಲೇ ತೀರಿಕೊಂಡಿದ್ದಿರೆಂದೂ, ಈಗ ಉಬ್ಬುತ್ತಿರುವುದು ಹಳೆಯ ಅಭ್ಯಾಸ ಬಲದಿಂದೆಂದೂ ಒಂದು ಪತ್ರವನ್ನು ಸ್ವಂತ ಹಸ್ತಾಕ್ಷರದಲ್ಲಿ ಬರೆದು ಅತ್ತೆಯವರಿಗೆ ಕೊಡಬೇಕು. ಅದೂ ಆಗದಿದ್ದರೆ ಅವರ ಕಿವಿಯ ಹತ್ತಿರ ಹೋಗಿ ಇನ್ನೊಮ್ಮೆ ಗಲಗಲ ಎನ್ನಬೇಕು. ಇದಾವುದಕ್ಕೂ ತಾವು ಒಪ್ಪದಿದ್ದಲ್ಲಿ ನಾನು ಅಡುಗೆ ಸೋಡಾ ಅವರನ್ನು ಕಾಣಬೇಕಾಗುತ್ತದೆ. ಅವರಿಗೆ ಜೀವವಿಲ್ಲ ಎಂದು ಸ್ಪಂದನಳ ಪುಸ್ತಕವೇ ಹೇಳುತ್ತದೆ.

ಹೂರಣವನ್ನು ಇದುವರೆಗೆ ಮೂರು ಸಲ ಮಾಡಿ ಮೂರು ಸಲವೂ ನಾವೇ ಚಮಚದಲ್ಲಿ ತಿಂದಿದ್ದೇವೆ. ಹಲಸಿನ ಕಾಲ ಮುಗಿಯುತ್ತ ಬಂತು, ಅತ್ತೆಯವರಿಗೆ ಎಪ್ಪತ್ತೊಂಬತ್ತು. ಅವರು ಒಂದು ಚೂರು ದಿಲ್‌ಪಸಂದ್ ತಿನ್ನದೆ ಹೋಗಿಬಿಟ್ಟರೆ ನನಗೆ ಬಹಳ ಸಂಕಟವಾಗುತ್ತದೆ. ಇದನ್ನಾದರೂ ತಾವು ಯೋಚಿಸಬೇಕು.

ತಮಗೆ ದಿನವೂ ಹಿಟ್ಟು ನಾದಿ ಸೋತಿರುವ, ಆದರೂ ತಮ್ಮ ವಿಶ್ವಾಸಿ,
ವನಜಾಕ್ಷಿ ಕಲ್ಲೇಶ್

ತಾ.ಕ.: ಇಷ್ಟು ಬರೆದು ಸಹಿ ಮಾಡುವಷ್ಟರಲ್ಲಿ ಅತ್ತೆಯವರು ತಮಗೆ ಹಾಲು ಹಾಕಿ, ತಟ್ಟೆ ಮುಚ್ಚಿ, ಅಡುಗೆಮನೆಯಿಂದಲೇ ನನ್ನನ್ನು ಕೂಗಿದರು. "ವನಜಾ, ಇದ್ರದ್ದು ಆಯ್ತು. ನೀನುಂಡ್ಯೇನೇ?" ನಾನು ಈ ಮನೆಗೆ ಬಂದ ಮೇಲೆ ಈ ಪ್ರಶ್ನೆಯನ್ನು ಯಾರೂ ಕೇಳಿರಲಿಲ್ಲ. ಹೋಗಿ ತಟ್ಟೆ ಹಾಕಿಕೊಂಡು ಕುಳಿತೆ, ಅವರೇ ಬಡಿಸಿದರು. ತಮ್ಮನ್ನು ಕೇಳಿದ ಮೇಲೆ ನನ್ನನ್ನು ಕೇಳಿದರೆಂಬ ಅವಮಾನವನ್ನು ನಾನು ಮರೆತಿಲ್ಲ, ಮರೆಯುವುದೂ ಇಲ್ಲ. ಆದರೂ ಸೋಮವಾರದ ವಿಷಯ ಸದ್ಯಕ್ಕೆ ಬೇಡ. ನಾಳೆಯಿಂದ ಬೆಲ್ಲ ಎರಡು ಉಂಡೆ ಹಾಕುತ್ತೇನೆ, ದಯವಿಟ್ಟು ಸಾಯಬೇಡಿ.