ಬೀಗರ ಪೆನಾಲ್ಟಿ

ಆಟಗಾರನಾದವನು ಕಾಲು ಸೋತ ಮೇಲೆ ಏನು ಮಾಡಬೇಕು ಎಂಬ ಪ್ರಶ್ನೆಗೆ ನನ್ನ ಹತ್ತಿರ ಖಚಿತವಾದ ಉತ್ತರವಿದೆ: ಟೀವಿಗೆ ಹೋಗಬೇಕು. ಇದನ್ನು ನಾನು ಕಲಿತದ್ದು ಇಂಗ್ಲೆಂಡಿನ ಒಬ್ಬ ಮಾಜಿ ಫುಟ್‌ಬಾಲ್ ಆಟಗಾರನಿಂದ. ಹೆಸರು ಬೇಡ, ನನ್ನಂಥ ಶಿಷ್ಯನೊಬ್ಬ ಇದ್ದಾನೆಂದು ತಿಳಿದರೆ ಅವನಿಗೆ ಮುಜುಗರವಾದೀತು. ಮೈದಾನದಲ್ಲಿದ್ದಾಗ ಅವನು ಮುಂಚೂಣಿಯ ಆಟಗಾರ. ಗೋಲಿನ ಮುಂದೆ ಹಾಲಿಗೆ ಕಾದ ಬೆಕ್ಕಿನ ಹಾಗೆ ನಿಂತಿರುತ್ತಿದ್ದ. ಆ ಕ್ಲಬ್ಬು, ಈ ಕ್ಲಬ್ಬು ಎಂದು ಸುತ್ತಿದ, ದೇಶಕ್ಕೂ ಆಡಿದ, ಕೊನೆಗೊಂದು ದಿನ ಮೊಣಕಾಲು ಕೈಕೊಟ್ಟಿತು. ನಮ್ಮ ಕಡೆಯವನಾಗಿದ್ದರೆ ಎಣ್ಣೆ ತಿಕ್ಕಿಕೊಳ್ಳುತ್ತ ಕಟ್ಟೆಯ ಮೇಲೆ ಕೂತಿರುತ್ತಿದ್ದ. ಅವನು ಟೀವಿಗೆ ಹೋದ. ಮೊದಮೊದಲು ಸೋಫಾದ ತುದಿಯಲ್ಲಿ ಕೂತು, ಕೇಳಿದ್ದಕ್ಕೆ ಹೂಂ, ಉಹೂಂ ಅನ್ನುತ್ತಿದ್ದ. ಟೈ ಒಂದು ಕಡೆ, ಮಾತು ಒಂದು ಕಡೆ. ನೋಡನೋಡುತ್ತಲೇ ನಡುವಿನ ಕುರ್ಚಿ ಅವನದಾಯಿತು. ಈಗ ನೆರೆತ ಕೂದಲು ಹಿಂದಕ್ಕೆ ಬಾಚಿ, ಕಾಲ ಮೇಲೆ ಕಾಲು ಹಾಕಿ, ಎಂಥೆಂಥ ಆಟಗಾರರನ್ನೂ ನಗುನಗುತ್ತ ಕೇಳಿಬಿಡುತ್ತಾನೆ: ‘ಆ ಚೆಂಡನ್ನು ಯಾಕೆ ಬಿಟ್ಟೆ?’ ಕೋಟಿಗಟ್ಟಲೆ ಬೆಲೆಯ ಆ ಹುಡುಗರು ಮುಖ ಕೆಂಪಗೆ ಮಾಡಿಕೊಂಡು ಉತ್ತರ ಹೇಳುತ್ತಾರೆ.

ನಾನೂ ಆಟಗಾರನೇ. ಬಸವಕಲ್ಯಾಣದ ತಂಡದಲ್ಲಿ ರೈಟ್ ಬ್ಯಾಕ್ ಆಗಿ, ಅಂದರೆ ಎದುರಾಳಿಗಳನ್ನು ತಡೆಯುವವನಾಗಿ, ಬಹಳ ವರ್ಷ ಆಡಿದವನು. ಹೊಟ್ಟೆಪಾಡಿಗೆ ಬಸ್ ಸ್ಟ್ಯಾಂಡಿನಲ್ಲಿ ಕಂಟ್ರೋಲರ್ ಆಗಿದ್ದೆ, ಆದ್ದರಿಂದ ಇಂಗ್ಲೆಂಡಿನವನಿಗೆ ಇಲ್ಲದ ಒಂದು ಅರ್ಹತೆ ನನಗಿತ್ತು: ಮೈಕಿನ ಅಭ್ಯಾಸ. ‘ಹುಮನಾಬಾದ್ ಬಸ್ಸು ಹೊರಡುತ್ತಿದೆ’ ಎಂದು ನಾನು ಕೂಗಿದರೆ, ಸೋಲಾಪುರಕ್ಕೆ ಹೋಗಬೇಕಾದವರೂ ಗಂಟುಮೂಟೆ ಎತ್ತಿಕೊಂಡು ಬಂದು ಹತ್ತಿಬಿಡುತ್ತಿದ್ದರು. ಅಂಥ ಕಂಠ! ಹುಮನಾಬಾದಿನಲ್ಲಿ ಕೂತು ನಮ್ಮೂರಿಗೂ ತಲುಪುವ ಕೇಬಲ್ ಚಾನೆಲ್ ನಡೆಸುವ ಮಕ್ಸೂದ್ ಭಾಯ್ ಪ್ರತಿ ಭಾನುವಾರ ಹಳೆಯ ಆಟಗಾರರನ್ನು ಮಾತಾಡಿಸುವ ಕಾರ್ಯಕ್ರಮ ಮಾಡಬೇಕು, ನಡೆಸಿಕೊಡಲು ಯಾರಾದರೂ ಬೇಕು ಅಂದಾಗ ನಾನು ಒಂದು ಕ್ಷಣವೂ ಯೋಚಿಸಲಿಲ್ಲ. ಮಗಳ ಮದುವೆಗೆ ಹೊಲಿಸಿದ ಕೋಟು ಹೇಗೂ ಇತ್ತು. ಮಾಣಿಕನಗರದ ರಸ್ತೆಯಲ್ಲಿ ಒಂದು ಪಾತ್ರೆ ಅಂಗಡಿಯ ಮೇಲಿನ ಕೋಣೆಯೇ ಸ್ಟುಡಿಯೋ. ಹಿಂದೆ ಜಲಪಾತದ ಪರದೆ, ಮುಂದೆ ಎರಡು ಕುರ್ಚಿ, ನಡುವೆ ಪ್ಲಾಸ್ಟಿಕ್ ಹೂವು.

ಮೊದಲ ಕಾರ್ಯಕ್ರಮಗಳು ಬಹಳ ಚೆನ್ನಾಗಿ ಬಂದವೆಂದೇ ನನ್ನ ಅಭಿಪ್ರಾಯ. ಮಕ್ಸೂದ್ ಭಾಯ್ ಅಭಿಪ್ರಾಯ ಬೇರೆ ಇತ್ತು. ನಮ್ಮ ಕಡೆ ಮನೆಗೆ ಬಂದವರನ್ನು ಯಾರಾದರೂ ಬಂದ ತಕ್ಷಣ ‘ಚೆಂಡು ಯಾಕೆ ಬಿಟ್ಟೆ’ ಎಂದು ಕೇಳುತ್ತಾರೆಯೇ? ಬರ್ರಿ, ಕೂಡ್ರಿ, ಚಹಾ ತಗೋರಿ ಅನ್ನಬೇಡವೇ? ಮನೆಯಲ್ಲಿ ಎಲ್ಲರೂ ಆರಾಮೇ, ತೊಗರಿ ಹೇಗಿದೆ, ತಂಗಿಯನ್ನು ಯಾವ ಊರಿಗೆ ಕೊಟ್ಟಿರಿ, ಎಲ್ಲ ಆಗಬೇಡವೇ? ಇದನ್ನೆಲ್ಲ ವಿಚಾರಿಸಿ ‘ಇನ್ನು ಆಟದ ಮಾತಿಗೆ ಬರೋಣ’ ಅನ್ನುವಷ್ಟರಲ್ಲಿ ಕಾರ್ಯಕ್ರಮ ಮುಗಿದಿರುತ್ತಿತ್ತು.

“ಸಾಹೇಬ್ರ,” ಅಂದರು ಮಕ್ಸೂದ್ ಭಾಯ್ ಒಂದು ದಿನ, ಕೈಮುಗಿದು. “ಮಂದಿ ಆಟದ ಮಾತು ಕೇಳಾಕ ಕುಂತಿರ್ತಾರ. ನೀವು ಶುಗರ್ ಎಷ್ಟದ, ಬಿಪಿ ಎಷ್ಟದ ಅಂತ ಕೇಳಾಕತ್ತೀರಿ. ಈ ಐತವಾರ ಒಂದರೆ ಸೀದಾ ಸವಾಲ್ ಕೇಳ್ರಿ. ಇಲ್ಲಾಂದ್ರ ಬರೋ ಐತವಾರದಿಂದ ಆ ಟೈಮಿಗೆ ಭಜನಿ ಹಾಕ್ತೀನಿ.”

“ಕೇಳಿದ್ರಾತು ಬಿಡ್ರಿ. ಯಾರು ಬರಾಕತ್ತಾರ?”

“ನಿಮ್ಮ ಬೀಗರು.”

ನನ್ನ ಮಗಳು ಸುವರ್ಣಾಳ ಮಾವ ವೈಜಿನಾಥಪ್ಪನವರು ಒಂದು ಕಾಲಕ್ಕೆ ಹುಮನಾಬಾದ್ ತಂಡದ ದೊಡ್ಡ ಸ್ಟ್ರೈಕರ್. ನಮ್ಮೂರ ಮೈದಾನದಲ್ಲಿ ಎರಡೂ ಊರುಗಳ ನಡುವೆ ಫೈನಲ್ ನಡೆದಾಗ, ಆಟ ಮುಗಿಯುವ ಹೊತ್ತಿಗೆ ಅವರಿಗೆ ಪೆನಾಲ್ಟಿ ಸಿಕ್ಕಿತ್ತು. ಕಣ್ಣು ಮುಚ್ಚಿಕೊಂಡು ಒದ್ದರೂ ಗೋಲು ಹೊಡೆಯುವ ಆಸಾಮಿ ಚೆಂಡನ್ನು ಕಂಬದ ಮೇಲಿಂದ ಆಚೆಯ ಬೇವಿನ ಮರಕ್ಕೆ ಕಳಿಸಿದರು. ಕಪ್ಪು ನಮ್ಮದಾಯಿತು. ಯಾಕೆ ತಪ್ಪಿತು ಎಂಬುದನ್ನು ಎರಡೂ ಊರಿನ ಚಹಾದಂಗಡಿಗಳು ಇವತ್ತಿಗೂ ಚರ್ಚಿಸುತ್ತಿವೆ. ನನಗೆ ಮಾತ್ರ ಕಾರಣ ಗೊತ್ತಿತ್ತು. ಅವರು ಒದೆಯುವ ಮೊದಲು ನಾನು ಅವರನ್ನು ದಿಟ್ಟಿಸಿ ನೋಡಿದ್ದೆ. ಆ ನೋಟಕ್ಕೇ ಅವರ ಕಾಲು ನಡುಗಿತು. ಇದನ್ನು ನಾನು ಬಸ್ ಸ್ಟ್ಯಾಂಡಿನಲ್ಲಿ ಎಲ್ಲ ಡ್ರೈವರುಗಳಿಗೂ ಕಂಡಕ್ಟರುಗಳಿಗೂ ಹೇಳಿದ್ದೆ. ಮದುವೆ ಗೊತ್ತಾದ ದಿನ ಹೆಂಡತಿ ನನ್ನ ಬಾಯಿಗೆ ಬೀಗ ಹಾಕಿದಳು. ಮಗಳಿಗೋಸ್ಕರ ನಾನು ಮಾಡಿದ ಅತಿ ದೊಡ್ಡ ತ್ಯಾಗ ಅದು.

ಸುದ್ದಿ ಕೇಳಿ ಹೆಂಡತಿ ಲಟ್ಟಣಿಗೆ ಕೆಳಗಿಟ್ಟಳು. “ಕೇಳಿಬಿಟ್ಟೀರಿ ಜ್ವಾಕಿ! ಮದಿವ್ಯಾದ ಮ್ಯಾಲ ಸುವರ್ಣಾಂದು ಇದು ಮೊದಲನೇ ನಾಗರ ಪಂಚಮಿ, ತವರಿಗೆ ಬರಬೇಕು. ನಾವು ಹೆಣ್ಣಿನ ಕಡಿಯವರು. ಊರ ಮಂದಿ ಮುಂದ ಅವರ ಮಾನ ಕಳದ್ರ ಹುಡುಗೀನ ಕಳಸ್ತಾರೇನು? ನಿಮಗ ಟೀವಿ ಬೇಕೋ, ಮಗಳು ಬೇಕೋ?”

“ಎರಡೂ ಬೇಕು,” ಅಂದೆ ಧೈರ್ಯವಾಗಿ.

“ಹೌದೌದು, ಬಂದ್ರು ದೊಡ್ಡ ಇಂಗ್ಲೆಂಡಿನವ್ರು!” ಅಂದು ಅವಳು ರೊಟ್ಟಿ ತಿರುವಿದಳು. ನಿಜ ಹೇಳಬೇಕೆಂದರೆ ನನಗೂ ಹೆದರಿಕೆಯಾಗಿತ್ತು. ಮಗಳಿಲ್ಲದ ಮನೆ ಭಣಭಣ ಅನ್ನುತ್ತಿತ್ತು. ಪಂಚಮಿಯ ಜೋಕಾಲಿಗೆ ಹಗ್ಗ ಆಗಲೇ ತಂದಿಟ್ಟಿದ್ದೆ. ಅವಳು ಬರದಿದ್ದರೆ ಆ ಜೋಕಾಲಿಯಲ್ಲಿ ಕೂರುವವರು ಯಾರು?

ಭಾನುವಾರ ಬೀಗರು ಬಿಳಿ ಧೋತರ, ಬಿಳಿ ಟೋಪಿಯಲ್ಲಿ ಬಂದು ಕೂತರು. ಕಾರ್ಯಕ್ರಮ ನೇರಪ್ರಸಾರ. ನಾನು ಇಂಗ್ಲೆಂಡಿನ ಗುರುವನ್ನು ನೆನೆದು ಕಾಲ ಮೇಲೆ ಕಾಲು ಹಾಕಿದೆ. ಬೀಗರ ಮುಂದೆ ಹಾಗೆ ಕೂರುವುದು ತಪ್ಪೆಂದು ಹೊಳೆದು ತಕ್ಷಣ ಇಳಿಸಿದೆ. ಮಳೆಯ ಮಾತು ಮುಗಿಯಿತು, ತೊಗರಿ ಮುಗಿಯಿತು, ಅವರ ಮೊಣಕಾಲು, ನನ್ನ ಮೊಣಕಾಲು ಮುಗಿದವು. ಕ್ಯಾಮೆರಾದ ಹಿಂದೆ ನಿಂತ ಮಕ್ಸೂದ್ ಭಾಯ್ ಎರಡೂ ಕೈಯಲ್ಲಿ ತಾಳ ಬಾರಿಸುವ ಹಾಗೆ ಸನ್ನೆ ಮಾಡಿದರು. ಭಜನೆ! ನಾನು ಬೆವರು ಒರೆಸಿಕೊಂಡೆ.

“ಬೀಗರೇ, ತಪ್ಪು ತಿಳೀಬ್ಯಾಡ್ರಿ,” ಅಂದೆ. “ಆವತ್ತು ಫೈನಲ್‌ನ್ಯಾಗ... ಆ ಚೆಂಡು ತಾನಾಗೇ ಮ್ಯಾಲ ಹೋತೇನ್ರಿ?”

ಬೀಗರು ಟೋಪಿ ಸರಿಮಾಡಿಕೊಂಡರು. ಪಾತ್ರೆ ಅಂಗಡಿಯಲ್ಲಿ ಯಾರೋ ಕೊಡ ಬಡಿದು ನೋಡುತ್ತಿದ್ದ ಸದ್ದು ಕೇಳಿಸಿತು. ನನ್ನ ಕಣ್ಣ ಮುಂದೆ ಖಾಲಿ ಜೋಕಾಲಿ ಬಂದುಹೋಯಿತು.

“ಚೆಂಡಿಂದೇನೂ ತಪ್ಪಿಲ್ರಿ ಬೀಗರೇ,” ಅಂದರು ಅವರು. “ತಪ್ಪು ನಿಮ್ಮ ಅವ್ವಂದು.”

ಆಗಿನ ಪದ್ಧತಿ ಹಾಗಿತ್ತು: ಎದುರು ತಂಡ ಬಂದರೆ ಊರಿನ ಆಟಗಾರರ ಮನೆಯಲ್ಲೇ ಊಟ. ಆ ಸಲದ ಪಾಳಿ ನಮ್ಮ ಮನೆಯದು. ಅವ್ವ ಹೋಳಿಗೆ ಮಾಡಿದ್ದಳು. ಬೀಗರು ಟೋಪಿ ತೆಗೆದು ತೊಡೆಯ ಮೇಲಿಟ್ಟುಕೊಂಡರು.

“ಏನು ಹೋಳಗಿ ಅವು! ಸಾಕು ಅಂದ್ರ ಒಂದು ಹಾಕಾಕಿ, ಬ್ಯಾಡ ಅಂದ್ರ ಎರಡು ಹಾಕಾಕಿ. ಮ್ಯಾಲ ತುಪ್ಪ ಸುರದೇ ಸುರದ್ಲು. ‘ತಾಯಿ, ಮ್ಯಾಚ್ ಅದ’ ಅಂದೆ. ‘ಉಂಡ್ರ ಅಲ್ಲೇನೋ ಆಡೂದು’ ಅಂತ ಮತ್ತೊಂದು ಹಾಕಿದ್ಲು. ಪೆನಾಲ್ಟಿ ಹೊಡಿಯೂಮುಂದ ಮುಂದಕ್ಕ ಬಗ್ಗಬೇಕ್ರಿ. ಬಗ್ಗಿದ್ರ ಹೋಳಗಿ ಹೊರಗ ಬರ್ತಿತ್ತು. ಹಿಂದಕ್ಕ ವಾಲಿ ಒದ್ದೆ. ಹಾಂಗ ಒದ್ದ ಚೆಂಡು ಮ್ಯಾಲ ಹೋಗ್ದ ಎಲ್ಲಿ ಹೋಗ್ತದ?”

ಮಕ್ಸೂದ್ ಭಾಯ್ ಬಿದ್ದು ಬಿದ್ದು ನಕ್ಕರು, ಕ್ಯಾಮೆರಾ ಅಲ್ಲಾಡಿತು, ಎರಡೂ ಊರಿನ ಟೀವಿಗಳಲ್ಲಿ ಜಲಪಾತ ಪಕ್ಕಕ್ಕೆ ಹರಿಯಿತಂತೆ. ನನಗೆ ಮಾತ್ರ ಅವ್ವ ನೆನಪಾದಳು. ಅವ್ವ ತೀರಿಕೊಂಡು ಎಷ್ಟೋ ಕಾಲವಾಗಿದೆ; ಕಪ್ಪು ಮನೆಗೆ ತಂದಾಗ ಅದರಲ್ಲಿ ಬೇಳೆ ಹಾಕಿಡಬಹುದೇ ಎಂದು ಕೇಳಿದವಳು. ನಮ್ಮ ತಂಡದ ನಿಜವಾದ ಡಿಫೆಂಡರ್ ಒಲೆಯ ಮುಂದೆ ಕೂತಿದ್ದಳೆಂದು ನನಗೆ ಯಾರೂ ಹೇಳಿರಲಿಲ್ಲ. ಹೆಮ್ಮೆಯೂ ಆಯಿತು, ಹೊಟ್ಟೆಕಿಚ್ಚೂ ಆಯಿತು. ನನ್ನ ನೋಟದ ವಿಷಯ ನಾಲಿಗೆಯ ತುದಿಗೆ ಬಂದಿತ್ತು, ನುಂಗಿಕೊಂಡೆ.

“ಪಂಚಮಿಗೆ ಹುಡುಗೀನ ನಾನೇ ಕರಕೊಂಡು ಬರ್ತೀನಿ,” ಅಂದರು ಬೀಗರು ಕ್ಯಾಮೆರಾದ ಕಡೆ ನೇರವಾಗಿ ನೋಡಿ, ಮನೆಯಲ್ಲಿ ಕೂತ ನನ್ನ ಹೆಂಡತಿಗೇ ಹೇಳುವ ಹಾಗೆ. “ಹೋಳಗಿ ಮಾಡಿಡ್ರಿ. ಈಗ ಮ್ಯಾಚ್ ಇಲ್ಲ, ಬೇಕಾದಷ್ಟು ತಿಂತೀನಿ.”

ಸುವರ್ಣಾ ಬಂದಳು, ಜೋಕಾಲಿ ಆಡಿದಳು, ಮನೆ ತುಂಬಿತು. ಬೀಗರು ಹೇಳಿದಂತೆಯೇ ಹೋಳಿಗೆ ತಿಂದರು. ನಾನು ಗೆದ್ದ ಹುರುಪಿನಲ್ಲಿ ಕೋಟು ಇಸ್ತ್ರಿ ಮಾಡಿಸಿಕೊಂಡು ಹುಮನಾಬಾದಿಗೆ ಹೋದರೆ, ಮಕ್ಸೂದ್ ಭಾಯ್ ಬಾಗಿಲಲ್ಲೇ ನನ್ನ ಕೈ ಹಿಡಿದುಕೊಂಡರು. “ಸಾಹೇಬ್ರ, ಬೇಜಾರು ಮಾಡ್ಕೋಬ್ಯಾಡ್ರಿ. ಆವತ್ತಿನಿಂದ ಮಂದಿ ಒಂದೇ ಸಮ ಫೋನ್ ಮಾಡಾಕತ್ತಾರ. ನಿಮ್ಮ ಬೀಗರು ಎಷ್ಟು ಸೀದಾ ಮಾತಾಡ್ತಾರ! ಕಾರ್ಯಕ್ರಮ ಇನ್ನ ಅವರೇ ನಡಸ್ತಾರ. ಮೊದಲನೇ ಮೆಹಮಾನ್ ನೀವೇ.”

ಒಳಗೆ ನನ್ನ ಕುರ್ಚಿಯಲ್ಲಿ ಬೀಗರು ಕೂತಿದ್ದರು, ಕಾಲ ಮೇಲೆ ಕಾಲು ಹಾಕಿಕೊಂಡು. ಗಂಡಿನ ಕಡೆಯವರು, ಹಾಕಬಹುದು. ನಾನು ಎದುರಿನ ಕುರ್ಚಿಯ ತುದಿಯಲ್ಲಿ ಕೂತೆ. ದೀಪ ಹತ್ತಿತು. ಚಹಾ ಇಲ್ಲ, ತೊಗರಿ ಇಲ್ಲ, ಶುಗರ್ ಇಲ್ಲ. ನನ್ನ ಇಂಗ್ಲೆಂಡಿನ ಗುರುವೇ ಎದುರಿಗೆ ಬಂದು ಕೂತ ಹಾಗೆ, ಬೀಗರು ನಗುನಗುತ್ತ ಕೇಳಿಬಿಟ್ಟರು:

“ಬೀಗರೇ, ಆ ಫೈನಲ್‌ನ್ಯಾಗ ನೀವೂ ಇದ್ದಿರಂತ. ನನಗ ನೆನಪೇ ಆಗವಲ್ದು. ಖರೇನೇ ಆಡಿದ್ರೇನ್ರಿ?”

ಎರಡೂ ಊರು ನೋಡುತ್ತಿದ್ದವು. ಬಸ್ ಸ್ಟ್ಯಾಂಡಿನ ಡ್ರೈವರು, ಕಂಡಕ್ಟರುಗಳೆಲ್ಲ ನೋಡುತ್ತಿದ್ದರು. ಬಸವಕಲ್ಯಾಣದಲ್ಲಿ ನನ್ನ ಹೆಂಡತಿ ಟೀವಿಯ ಮುಂದೆ ಕೂತಿದ್ದಳು. ಮುಂದೆ ದೀಪಾವಳಿ ಬರುತ್ತದೆ, ಮಗಳನ್ನು ಮತ್ತೆ ಕರೆತರಬೇಕು. ನಾನು ಕೋಟಿನ ಗುಂಡಿ ಸರಿಮಾಡಿಕೊಂಡು, ಬಸ್ಸುಗಳನ್ನು ಹೊರಡಿಸಿದ ಅದೇ ತುಂಬು ಕಂಠದಲ್ಲಿ, ಸ್ಪಷ್ಟವಾಗಿ ಹೇಳಿದೆ:

“ನೀವು ಹ್ಯಾಂಗ ಅಂತೀರೋ ಹಾಂಗ್ರಿ.”