ಚಂದ್ರಶೇಖರನ ಬೆಳಗಿನ ರಿಯಾಜು

ಅಮೆರಿಕದ ಎಜುಕೇಶನ್ ಹಿಲ್ ಬಡಾವಣೆಯ ಚಂದ್ರಶೇಖರನಿಗೆ ವಿಮಾನದ ರೆಕ್ಕೆ ವಿನ್ಯಾಸ ಹೊಟ್ಟೆಪಾಡು, ಹಾಡುವುದು ಪ್ರಾಣ. ಕೇಳುವವರಿಗೆ ಪ್ರಾಣಸಂಕಟ. ಕನ್ನಡ ಸಂಘದವರು ಅವನನ್ನು ವೇದಿಕೆಗೆ ಕರೆಯುತ್ತಿದ್ದದ್ದು ಜನರೆಲ್ಲ ಊಟದ ಸಾಲಿಗೆ ಎದ್ದುಹೋದ ಮೇಲೆ. ಗದಗದಿಂದ ಬಂದಿದ್ದ ಅತ್ತೆ, ಹೆಂಡತಿ ರಾಜೇಶ್ವರಿಯ ತಾಯಿ ಸೋಮವ್ವ ಮಾತ್ರ ಅವನ ಬೆಳಗಿನ ರಿಯಾಜನ್ನು ಚಕಾರವೆತ್ತದೆ ಕೇಳುತ್ತ ಜೋಳದ ರೊಟ್ಟಿ ಬಡಿಯುತ್ತಿದ್ದರು. ಇಡೀ ಅಮೆರಿಕದಲ್ಲಿ ತನಗಿರುವ ರಸಿಕರು ಅವರೊಬ್ಬರೇ ಎಂದು ಅವನ ನಂಬಿಕೆ.

ಆ ಶನಿವಾರ ರಿಯಾಜು ಮುಗಿಸಿ ಹಿತ್ತಲಿಗೆ ಬಂದಾಗ ಬೇಲಿಯಾಚೆಯಿಂದ ಪಕ್ಕದ ಮನೆಯ ಅನ್ಸೆಲ್ಮೊ ಕೈಬೀಸಿ ಕರೆದರು. ಬ್ರೆಜಿಲ್‌ನವರು. ಹುಡುಗನಾಗಿದ್ದಾಗ ಸರ್ಕಸ್ಸಿನಲ್ಲಿ ಡೋಲು ಬಾರಿಸಿ, ರೇಡಿಯೋ ಜಾಹೀರಾತಿಗೆ ಟ್ಯೂನ್ ಕಟ್ಟಿ, ಆಮೇಲೆ ಸಿನಿಮಾ ಸಂಗೀತದಲ್ಲೇ ತಲೆ ನರೆಸಿಕೊಂಡವರು. ಈಗ ಮಗಳ ಮನೆಯಲ್ಲಿದ್ದಾರೆ. ಇದೇ ಕೊನೆಯದೆಂದು ಒಪ್ಪಿಕೊಂಡ ಸಿನಿಮಾ, ತಮ್ಮೂರಿನ ಒಬ್ಬ ತಾಯಿಯ ಕತೆ, ಸಂಗೀತ ಹೊಳೆಯದೆ ನಿಂತುಹೋಗಿತ್ತು.

"ದಿನಾ ಬೆಳಿಗ್ಗೆ ನಿಮ್ಮನೆಯಿಂದ ಕೇಳುತ್ತಲ್ಲ, ನನಗೆ ಬೇಕಾಗಿದ್ದು ಅದೇ. ಸಂಜೆ ಮೈಕ್ ತರಲಾ?" ಎಂದು ಇಂಗ್ಲಿಷಿನಲ್ಲಿ ಕೇಳಿದರು.

ಚಂದ್ರಶೇಖರನ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಸಂಘದ ಕಾರ್ಯದರ್ಶಿ ಪ್ರಭಾಕರನಿಗೆ ಫೋನ್ ಮಾಡಿದ. ಪ್ರಭಾಕರನಿಗೆ ಹೇಳುವುದೂ ಒಂದೇ, ಡಂಗುರ ಸಾರುವುದೂ ಒಂದೇ. ಒಬ್ಬರು ಬಂದು ಮಾತಾಡಬೇಡ ಎಂದರು, ಇನ್ನೊಬ್ಬರು ಉಪ್ಪುನೀರು ಮುಕ್ಕಳಿಸು ಎಂದರು, ಮತ್ತೊಬ್ಬರು ಕಾಳುಮೆಣಸಿನ ಕಷಾಯ ತಂದು ಕುಡಿಸಿಯೇ ಬಿಟ್ಟರು. ಗಂಟಲು ಉರಿದು ಕಣ್ಣಲ್ಲಿ ನೀರು ಬಂತು. ಸಂಜೆಗೆ ಅರ್ಧ ಸಂಘವೇ ಅವನ ಮನೆಯ ಹಾಲ್‌ನಲ್ಲಿ ಕೂತಿತ್ತು.

"ಈ ಯುಗಾದಿಗೆ ಊಟಕ್ಕೆ ಮುಂಚೆನೇ ನಿನ್ನ ಪ್ರೋಗ್ರಾಮ್ ಹಾಕ್ತೀನಿ, ಚಂದ್ರು," ಎಂದ ಪ್ರಭಾಕರ. ಈ ಮಾತಿಗಾಗಿ ವರ್ಷಗಟ್ಟಲೆ ಕಾದಿದ್ದ ಚಂದ್ರಶೇಖರನಿಗೆ ನಿಜಕ್ಕೂ ಸಂತೋಷವಾಯಿತು.

ಅನ್ಸೆಲ್ಮೊ ಬಂದರು. ರೇಷ್ಮೆ ಜುಬ್ಬದಲ್ಲಿ ನಿಂತಿದ್ದವನನ್ನು ದಾಟಿ ನೇರ ಅಡುಗೆಮನೆಗೆ ಹೋಗಿ, ಬಂದವರಿಗೆಲ್ಲ ರೊಟ್ಟಿ ಬಡಿಯುತ್ತಿದ್ದ ಸೋಮವ್ವನ ಮುಂದೆ ಮೈಕ್ ಇಟ್ಟರು.

"ನಮ್ಮಮ್ಮ ಮರಗೆಣಸು ಕುಟ್ಟುತ್ತಿದ್ದ ತಾಳ ಇದು," ಎಂದರು.

ಆದರೆ ಎಷ್ಟು ಬಡಿದರೂ ಅನ್ಸೆಲ್ಮೊಗೆ ಸಮಾಧಾನವಿಲ್ಲ. "ಇದಲ್ಲ. ಬೆಳಗಿನ ಆ ಬಿರುಸು ಎಲ್ಲಿ?"

ಸೋಮವ್ವ ಸೆರಗು ಹೊದ್ದು ಮಗಳು ರಾಜೇಶ್ವರಿಯ ಕಿವಿಯಲ್ಲಿ ಗುಟ್ಟಾಗಿ ಹೇಳುತ್ತಿದ್ದೇನೆ ಅಂದುಕೊಂಡೇ ಹೇಳಿದರು, ಆದರೆ ಹಾಲ್‌ನವರೆಗೂ ಕೇಳಿಸಿತು: "ಅಳಿಯಂದ್ರು ಹಾಡಿದ್ರ ಬಿರುಸು ತಾನ ಬರತೈತಿ. ಅಳಿಯಗ ಬಾಯಿ ಮುಚ್ಚು ಅನ್ನಾಕ ಬರತೈತೇನವಾ? ಸಿಟ್ಟೆಲ್ಲಾ ಹಿಟ್ಟಿನ ಮ್ಯಾಲ ಹಾಕ್ತೀನಿ."

ರಾಜೇಶ್ವರಿ ಒಂದಕ್ಷರವೂ ಬಿಡದೆ ಅದನ್ನು ಇಂಗ್ಲಿಷಿಗೆ ಇಳಿಸಿದಳು.

ಅನ್ಸೆಲ್ಮೊ ಚಂದ್ರಶೇಖರನ ಕೈಹಿಡಿದು ಗ್ಯಾರೇಜಿಗೆ ಕರೆದೊಯ್ದರು. "ಇಲ್ಲಿಂದ ಹಾಡಿ. ಅವರಿಗೆ ಕೇಳಬೇಕು, ಮೈಕಿಗೆ ಕೇಳಬಾರದು."

ಹಿಮ ತೆಗೆಯುವ ಸಲಿಕೆಯ ಪಕ್ಕ ನಿಂತು ಅವನು ಹಾಡಿದ. ಅಡುಗೆಮನೆಯಲ್ಲಿ ರೊಟ್ಟಿ ಸಿಡಿಲಿನಂತೆ ಸದ್ದು ಮಾಡಿತು. ಕೊನೆಗೆ ಹಾಲ್‌ನಿಂದ ಚಪ್ಪಾಳೆಯೂ ಕೇಳಿತು.

ಪ್ರಭಾಕರ ಗ್ಯಾರೇಜಿನೊಳಗೆ ತಲೆ ಹಾಕಿದ. "ಯುಗಾದಿಗೆ ಊಟಕ್ಕೆ ಮುಂಚೆ ನಿಮ್ಮ ಅತ್ತೆಯವರ ಪ್ರೋಗ್ರಾಮ್ ಫಿಕ್ಸ್ ಮಾಡಿದೀನಿ. ನೀನೂ ಇರ್ತೀಯ ಬಿಡು," ಎಂದು ಹೆಗಲು ತಟ್ಟಿದ. "ವೇದಿಕೆ ಹಿಂದಿನ ರೂಮಲ್ಲಿ, ಬಾಗಿಲು ಹಾಕ್ಕೊಂಡು."