ಪೈಲ್ವಾನ ಬರೆಸಿದ ನಕ್ಷೆ

ಊರಿನವರ ಮನೆಗಳಿಗೆಲ್ಲ ನಕ್ಷೆ ಬರೆದುಕೊಡುವ ಟೇಪಣ್ಣನವರ (ಅಳತೆಯ ಟೇಪು ಅವರ ಜೇಬು ಬಿಟ್ಟು ಇಳಿದದ್ದನ್ನು ಯಾರೂ ಕಂಡಿಲ್ಲವಾದ್ದರಿಂದ ಬೀದಿಯವರು ಇಟ್ಟ ಹೆಸರು) ಕಣ್ಣು ಒಂದು ಭಾನುವಾರ ಸ್ವಂತ ನಡುಮನೆಯ ಮೇಲೆ ಬಿತ್ತು.

"ಸಾಮಾನೆಲ್ಲ ಇದ್ದಲ್ಲೇ ಇರ್ಲಿ ಬಿಡಿ. ಯಾರಿಗೇನು ತೊಂದ್ರೆ ಆಗಿದೆ?" ಎಂದಳು ಹೆಂಡತಿ.

"ನಿನಗೆ ಗೊತ್ತಾಗಲ್ಲ ಕಣೇ. ಓಡಾಡೋಕೆ ದಾರಿ ಬಿಡೋದು, ಇದಕ್ಕೆ ಸಂಚಾರ ವ್ಯವಸ್ಥೆ ಅಂತಾರೆ. ಮೂವತ್ತು ವರ್ಷದ ಸರ್ವಿಸ್ ನಂದು."

ಸಂಜೆಯ ಹೊತ್ತಿಗೆ ವ್ಯವಸ್ಥೆ ಸಾಂಗವಾಗಿ ನೆರವೇರಿತು. ಬೀರು ಬಾಗಿಲ ಪಕ್ಕ, ಸೋಫಾ ಕಿಟಕಿಯ ಕೆಳಗೆ, ಊಟದ ಮೇಜು ನಟ್ಟನಡುವೆ. ಅಂಗಳದಿಂದ ಒಳಬಂದ ಪೈಲ್ವಾನ, ಅಂದರೆ ಹನ್ನೆರಡು ವರ್ಷದ ಮನೆನಾಯಿ, ಸೀದಾ ಹೋಗಿ ಬೀರುವಿಗೆ ಹಣೆ ಕೊಟ್ಟಿತು. ಹಿಂದೆ ಸರಿದು ಮೇಜಿನ ಕಾಲಿಗೆ, ಅಲ್ಲಿಂದ ಸೋಫಾದ ತೋಳಿಗೆ ಬಡಿಯಿತು.

"ಕಣ್ಣು ನೆತ್ತಿಗೇರಿದೆಯೇನೋ?" ಎಂದು ಗದರಿದ ಟೇಪಣ್ಣನವರು, ಪಕ್ಕದ ಮನೆಯವರನ್ನೂ ಕರೆದು ತೋರಿಸಿ ನಕ್ಕರು. "ನೋಡಿ, ಕುಡಿದವರ ಹಾಗೆ ಆಡುತ್ತೆ."

ಮರುದಿನ ನಾಯಿ ಅಂಗಳದಿಂದ ಹೊಸ್ತಿಲು ದಾಟಿ ಬರಲಿಲ್ಲ. ಒಳಗೆ ಅಡುಗೆಮನೆಯಲ್ಲಿದ್ದ ನೀರು, ಅನ್ನ ಇಟ್ಟಲ್ಲೇ ಇದ್ದವು. ಅದರ ಮರುದಿನ ಹೆಂಡತಿ ಅದನ್ನು ಪಶುವೈದ್ಯರ ಬಳಿಗೆ ಕರೆದೊಯ್ದಳು. ಟೇಪಣ್ಣನವರು ಗೊಣಗುತ್ತ ಹಿಂಬಾಲಿಸಿದರು.

ವೈದ್ಯರು ನಾಯಿಯ ಕಣ್ಣಿಗೆ ಟಾರ್ಚು ಬಿಟ್ಟು ನೋಡಿದರು. "ಎರಡೂ ಕಣ್ಣು ಹೋಗಿವೆ. ಆರು ತಿಂಗಳ ಮೇಲಾಗಿರಬೇಕು. ನಿಮಗೆ ಗೊತ್ತಿರ್ಲಿಲ್ವಾ?"

"ಮನೇಲಿ ಎಲ್ಲೂ ಎಡವ್ತಿರ್ಲಿಲ್ಲ ಡಾಕ್ಟ್ರೇ" ಎಂದಳು ಹೆಂಡತಿ.

"ಎಡವಲ್ಲ. ವಾಸನೆ ಹಿಡಿದು, ಹೆಜ್ಜೆ ನೆನಪಿಟ್ಟುಕೊಂಡು, ಇಡೀ ಮನೇನ ತಲೆಯೊಳಗೆ ಇಟ್ಕೊಂಡಿರುತ್ತೆ. ಈಚೆಗೆ ಸಾಮಾನೇನಾದ್ರೂ ಆಚೀಚೆ ಮಾಡಿದ್ರಾ?"

ಹೆಂಡತಿ ಗಂಡನ ಮುಖ ನೋಡಿದಳು. ಟೇಪಣ್ಣನವರು ಗೋಡೆಯ ಮೇಲಿದ್ದ ಜಂತುಹುಳದ ಚಿತ್ರವನ್ನು ಬಹಳ ಶ್ರದ್ಧೆಯಿಂದ ನೋಡತೊಡಗಿದರು. ಕುರುಡು ಪ್ರಾಣಿಯನ್ನು ನಾಲ್ಕು ಜನಕ್ಕೆ ತೋರಿಸಿ ನಕ್ಕೆನಲ್ಲ ಎಂದು ನೆನೆದು ಅವರಿಗೆ ಭೂಮಿ ಬಾಯಿಬಿಡಬಾರದೇ ಎನ್ನಿಸಿತು.

"ಮೊದಲಿನ ಹಾಗೇ ಇಟ್ಬಿಡಿ. ಇಲ್ದಿದ್ರೆ ಅದು ನಡೆಯೋದನ್ನೇ ಬಿಡುತ್ತೆ" ಎಂದರು ವೈದ್ಯರು.

ಇಡುವುದೇನೋ ಸರಿ, ಎಲ್ಲಿ ಇಡುವುದು? ಊರಿಗೆಲ್ಲ ನಕ್ಷೆ ಬರೆದ ಮಹಾನುಭಾವರ ಸ್ವಂತ ಮನೆಗೆ ನಕ್ಷೆಯೇ ಇರಲಿಲ್ಲ. ಮೇಜು ಗೋಡೆಯಿಂದ ಮೂರಡಿ ಎಂದು ಅವರು, ಎರಡೂವರೆ ಎಂದು ಅವಳು. ಭಾನುವಾರವೇ ತಿಕ್ಕಿ ತೊಳೆದ ನೆಲದಲ್ಲಿ ಒಂದು ಗುರುತೂ ಉಳಿದಿರಲಿಲ್ಲ.

"ನಿಮ್ಮ ಸರ್ವಿಸ್ ಪಕ್ಕಕ್ಕಿಡಿ. ಗೊತ್ತಿರೋರನ್ನ ಕೇಳೋಣ" ಎಂದ ಹೆಂಡತಿ, ಸಾಮಾನನ್ನೆಲ್ಲ ಅಂಗಳಕ್ಕೆ ಹೊರಿಸಿದಳು. ಅಡುಗೆಮನೆಯ ಬಾಗಿಲಲ್ಲಿ ನಿಂತು ನಾಯಿಯನ್ನು ಕರೆದಳು.

ಪೈಲ್ವಾನ ತುಂಬ ಹೊತ್ತು ಯೋಚಿಸಿ ಒಂದು ಕಾಲು ಒಳಗಿಟ್ಟಿತು. ತೊಳೆದ ನೆಲದಲ್ಲೂ ಅದರ ಮೂಗಿಗೆ ಏನೋ ಸಿಕ್ಕಿರಬೇಕು. ಖಾಲಿ ಕೋಣೆಯಲ್ಲಿ ಇಲ್ಲದ ಸೋಫಾದ ಮೂಲೆ ಬಳಸಿತು, ಇಲ್ಲದ ಎರಡು ಕುರ್ಚಿಗಳ ನಡುವೆ ಮೈ ಸಣ್ಣಗೆ ಮಾಡಿಕೊಂಡು ನುಸುಳಿತು. ಟೇಪಣ್ಣನವರು ಸೀಮೆಸುಣ್ಣ ಹಿಡಿದು, ಅಂಬೆಗಾಲಿಕ್ಕುತ್ತ ಅದರ ಹಿಂದೆಯೇ ಗೆರೆ ಎಳೆದರು. ಮೂವತ್ತು ವರ್ಷದಲ್ಲಿ ಇಷ್ಟು ಕರಾರುವಾಕ್ಕಾದ ಅಳತೆ ಅವರ ಕೈಗೂ ಸಿಕ್ಕಿರಲಿಲ್ಲ.

"ಇದು ಬೀರು. ಇದು ಮೇಜು. ಇಲ್ಲೇನಿತ್ತೇ? ಇಷ್ಟು ದೊಡ್ಡ ಸುತ್ತು ಹಾಕ್ತಿದೆ. ನಿನ್ನ ಹೊಲಿಗೆ ಮೆಷಿನ್ನಾ?"

"ಅಲ್ಲೇನೂ ಇರ್ಲಿಲ್ಲ. ನಿಮ್ಮ ಕುರ್ಚಿ ಮುಂದೆ ನಿಮ್ಮ ಕಾಲು ಇರ್ತಿತ್ತು. ಹತ್ತಿರ ಬಂದಾಗಲೆಲ್ಲ 'ನಡಿಯಾಚೆ' ಅಂತ ಒದೀತಿದ್ರಲ್ಲ."

ಒದ್ದದ್ದಲ್ಲ, ಸುಮ್ಮನೆ ತಳ್ಳಿದ್ದು ಎನ್ನಲು ಟೇಪಣ್ಣನವರು ಬಾಯಿ ತೆರೆದರು. ಆಮೇಲೆ ಸೀಮೆಸುಣ್ಣವನ್ನು ನೆಲದ ಮೇಲಿಟ್ಟು ಸಾಮಾನು ಒಳತರಲು ಎದ್ದರು.

ಸಾಮಾನೆಲ್ಲ ಗೆರೆಯೊಳಗೆ ಬಂದು ಕೂತ ಮೇಲೆ ಅವರು ತಮ್ಮ ಕುರ್ಚಿಯಲ್ಲಿ ಕಾಲು ಮೇಲಕ್ಕೆ ಮಡಚಿ, ಮುದುರಿ ಕೂತರು. ಕೈ ಚಾಚಿ, "ಬಾರೋ ಪೈಲ್ವಾನ" ಎಂದು ಮೆತ್ತಗೆ ಕರೆದರು.

ಪೈಲ್ವಾನ ಬಾಲ ಅಲ್ಲಾಡಿಸುತ್ತ ಬಂತು. ಕುರ್ಚಿಯ ಹತ್ತಿರ ತಡೆದು, ಅಲ್ಲಿಲ್ಲದ ಕಾಲುಗಳ ಸುತ್ತ ಅದೇ ದೊಡ್ಡ ಸುತ್ತು ಹಾಕಿ ಅಡುಗೆಮನೆಗೆ ಹೋಯಿತು.

ಹೆಂಡತಿ ಸೀಮೆಸುಣ್ಣವನ್ನು ಗಂಡನ ಕೈಗಿಟ್ಟಳು. "ಆ ಸುತ್ತಿಗೂ ಗೆರೆ ಹಾಕಿಡಿ. ನಾಳೆ ಮರೆತುಬಿಡ್ತೀರಿ."